ಚಕ್ಕೋತಕ್ಕೆ ಎಣ್ಣೆ ನೀರು

ಇಷ್ಟಲಿಂಗವನ್ನು ಎಡ ಅಂಗೈಯಲ್ಲಿ ಇಟ್ಟುಕೊಂಡು ಕೂತವನ ಮಣಿಕಟ್ಟಿಗೆ ಕಟ್ಟಿರುವೆ ಹತ್ತಿದರೆ ಪಾಪ, ಅವನೇನು ಮಾಡಬೇಕು? ಕೈ ಕೊಡವುವ ಹಾಗಿಲ್ಲ, ಪೂಜೆ ಅರ್ಧಕ್ಕೆ ಬಿಟ್ಟು ಏಳುವ ಹಾಗಿಲ್ಲ, ಮಂತ್ರದ ನಡುವೆ ಇರುವೆಯ ವಂಶವನ್ನು ಜಾಲಾಡುವ ಹಾಗಂತೂ ಮೊದಲೇ ಇಲ್ಲ. ಚಾಮರಾಜಪೇಟೆಯ ಪರಮಶಿವಯ್ಯನವರು ಆ ಬೆಳಿಗ್ಗೆ ಹಲ್ಲು ಕಚ್ಚಿಕೊಂಡು ಪೂಜೆ ಮುಗಿಸಿದರು. ಮುಗಿಸಿ ಎದ್ದಾಗ ಮೊಣಕೈವರೆಗೂ ದದ್ದು ಎದ್ದಿತ್ತು. ದೇವರ ಮನೆಯ ಕಿಟಕಿಯಿಂದ ಇಳಿದಿದ್ದ ಕರಿಯ ಸಾಲನ್ನು ಅವರು ಕಣ್ಣಿನಲ್ಲೇ ಹಿಂಬಾಲಿಸಿದರು. ಅದು ಕಿಟಕಿ ದಾಟಿ, ಗೋಡೆ ಇಳಿದು, ಹಿತ್ತಲಿನ ಚಕ್ಕೋತದ ಗಿಡಕ್ಕೆ ಹೋಗಿ ಮುಟ್ಟುತ್ತಿತ್ತು.

"ಈ ಗಿಡ ಕಡಿಸ್ಬಿಡ್ತೀನಿ," ಎಂದರು.

ಕೂಗಲಿಲ್ಲ. ಕೂಗಿದ್ದರೆ ಮನೆಯವರಿಗೆ ಅಷ್ಟು ಭಯವಾಗುತ್ತಿರಲಿಲ್ಲ, ಏಕೆಂದರೆ ಅವರು ಕೂಗಾಡಿದ ಮಾತು ಸಂಜೆಯೊಳಗೆ ತಣ್ಣಗಾಗುತ್ತಿತ್ತು. ಮೆಲ್ಲಗೆ ಆಡಿದ ಮಾತು ಮಾತ್ರ ಆಗಿಯೇ ತೀರುತ್ತಿತ್ತು. ಅಡುಗೆಮನೆಯಲ್ಲಿ ಅಕ್ಕಿರೊಟ್ಟಿ ತಟ್ಟುತ್ತಿದ್ದ ಸೊಸೆ ಮಹಾನಂದಳ ಕೈ ಹಾಗೇ ನಿಂತಿತು. ಹೆಂಚಿನ ಮೇಲಿದ್ದ ರೊಟ್ಟಿ ಸೀದು ಹೊಗೆಯಾಡಿದ ಮೇಲೇ ಅವಳಿಗೆ ಎಚ್ಚರವಾದದ್ದು.

ಪರಮಶಿವಯ್ಯನವರದು ಬಳೇಪೇಟೆಯಲ್ಲಿ ಅಜ್ಜನ ಕಾಲದ ಬಳೆ ಅಂಗಡಿ. ಯುದ್ಧ ಮುಗಿದು ವ್ಯಾಪಾರ ಕುದುರಿದಾಗಿನಿಂದ, ಬಳೆ ಪೆಟ್ಟಿಗೆಗಳನ್ನು ಇಡಲು ಮನೆಯ ಹಿತ್ತಲಲ್ಲಿ ಒಂದು ಕೋಣೆ ಕಟ್ಟಬೇಕೆಂಬ ಆಸೆ ಅವರಿಗೆ. ಕಟ್ಟಬೇಕಾದ ಜಾಗದಲ್ಲೇ ಈ ಗಿಡ ನಿಂತಿತ್ತು. ಹಣ್ಣು ಕೊಡುವ ಗಿಡವನ್ನು ಕಡಿಯಲು ಇಷ್ಟು ದಿನ ಮನಸ್ಸು ಒಪ್ಪಿರಲಿಲ್ಲ. ಈಗ ಇರುವೆಗಳು ಒಪ್ಪಿಸಿದ್ದವು. ಗಿಡವಾದರೂ ಏನು, ನೋಡುವ ಹಾಗಿತ್ತೆ? ಎಲೆಗಳ ಮೇಲೆಲ್ಲ ಒಲೆಯ ಮಸಿ ಬಳಿದಂತೆ ಕಪ್ಪು, ಮುಟ್ಟಿದರೆ ಬೆಲ್ಲದ ಪಾಕದಂಥ ಅಂಟು. ಎಲೆ ಮಗುಚಿದರೆ ಕೆಳಗೆ ಎಳ್ಳಿನಷ್ಟು ಗಾತ್ರದ ಕಂದು ಚಿಪ್ಪಿನ ಹುಳುಗಳು ಒತ್ತೊತ್ತಾಗಿ ಕಚ್ಚಿಕೊಂಡು ಕೂತಿದ್ದವು.

ಆದರೆ ಅದು ಮಹಾನಂದಳ ಗಿಡ. ಅವಳ ತವರು ದೇವನಹಳ್ಳಿ. ಮದುವೆಯಾಗಿ ಈ ಮನೆಗೆ ಬಂದಾಗ ಅವಳ ತಂದೆ ಜಟಕಾದಲ್ಲಿ ಮಗಳ ಪಕ್ಕದಲ್ಲೇ ಒದ್ದೆ ಗೋಣಿ ಸುತ್ತಿದ ಈ ಸಸಿಯನ್ನೂ ಕೂರಿಸಿಕೊಂಡು ಬಂದು, ತಾವೇ ಗುಂಡಿ ತೋಡಿ ನೆಟ್ಟು ಹೋಗಿದ್ದರು. ಆಮೇಲೆ ತಾಯಿ ಹೋದರು, ತಂದೆಯೂ ಹೋದರು. ಒಡಹುಟ್ಟಿದವರು ಯಾರೂ ಇರಲಿಲ್ಲವಾಗಿ ತೋಟ, ಮನೆ ದಾಯಾದಿಗಳ ಪಾಲಾಯಿತು. ಗೌರಿ ಹಬ್ಬಕ್ಕೆ ಬೀದಿಯ ಹೆಂಗಸರಿಗೆಲ್ಲ ತವರಿನಿಂದ ಬಾಗಿನ ಬರುವಾಗ ಮಹಾನಂದಳ ಬಾಗಿಲಿಗೆ ಯಾರೂ ಬರುತ್ತಿರಲಿಲ್ಲ. ಅವಳು ಹಿತ್ತಲಿಗೆ ಹೋಗಿ ಒಂದು ಚಕ್ಕೋತ ಕಿತ್ತು ತಂದು ಮೊರದಲ್ಲಿಟ್ಟು, ಅರಿಶಿನ ಕುಂಕುಮ ಹಚ್ಚಿ, ತಾನೇ ಸೆರಗೊಡ್ಡಿ ತೆಗೆದುಕೊಳ್ಳುತ್ತಿದ್ದಳು. ಅದನ್ನು ಅತ್ತೆ ಕಲ್ಯಾಣಮ್ಮ ನೋಡಿದ್ದರು. ನೋಡಿಯೂ ಏನೂ ಕೇಳಿರಲಿಲ್ಲ. ಅವಳಿಗೆ ಉಳಿದಿದ್ದ ತವರು ಆ ಗಿಡವೊಂದೇ.

ಕೈಗಂಟಿದ ಹಿಟ್ಟನ್ನೂ ತೊಳೆಯದೆ ಮಹಾನಂದ ನಡುಮನೆಗೆ ಬಂದಳು. ಮಾವನ ಎದುರು ನಿಂತು ಮಾತಾಡುವ ರೂಢಿ ಆ ಮನೆಯ ಸೊಸೆಗೆ ಇರಲಿಲ್ಲ. ಹೇಳಬೇಕಾದದ್ದನ್ನು ಬಾಗಿಲ ಮರೆಯಿಂದ ಅತ್ತೆಗೆ ಹೇಳಿದರೆ ಅದು ಮಾವನ ಕಿವಿಗೆ ಬೀಳುತ್ತಿತ್ತು. ಇವತ್ತು ಬಾಗಿಲು ದಾಟಿದಳು.

"ಮಾವ, ಗಿಡಕ್ಕೆ ಹುಳ ಬಿದ್ದಿದೆ ಅಷ್ಟೆ. ಹುಳ ಒಸರೋ ಅಂಟು ತಿನ್ನೋಕೆ ಇರುವೆ ಬರ್ತಿದಾವೆ. ಹುಳ ಸತ್ರೆ ಇರುವೆನೂ ಹೋಗ್ತವೆ. ನಮ್ಮ ಅಪ್ಪಾಜಿ ಇದಕ್ಕೆ ಎಣ್ಣೆ ನೀರು ಹಾಕ್ತಿದ್ರು. ನಾನೂ ಹಾಕ್ತೀನಿ. ಒಂದು ಅವಕಾಶ ಕೊಡಿ."

ಅಂಗಡಿಗೆ ಹೊರಟು ಟೋಪಿ ಹುಡುಕುತ್ತಿದ್ದ ಗಂಡ ಗುರುಶಾಂತ ಬೆಚ್ಚಿ ನಿಂತ. ಪರಮಶಿವಯ್ಯನವರು ಸೊಸೆಯನ್ನೇ ನೋಡಿದರು.

"ಯುಗಾದಿ," ಎಂದರು. "ಯುಗಾದಿ ಬೆಳಿಗ್ಗೆ ಗಿಡದಲ್ಲಿ ಹೊಸ ಚಿಗುರು ಇದ್ರೆ ಗಿಡ ಉಳೀತು, ಕೋಣೆ ಮಾತು ಬಿಟ್ಟೆ. ಚಿಗುರು ಬರದೇ ಇದ್ರೆ ಮಾರನೇ ದಿನ ಸೌದೆ ಡಿಪೋ ಮುನಿಸ್ವಾಮಿ ಕೊಡಲಿ ತಗೊಂಡು ಬರ್ತಾನೆ. ಆಮೇಲೆ ಅಳು ಗಿಳು ಇಟ್ಕೋಬಾರ್ದು."

ಅಷ್ಟು ಸಿಟ್ಟಿನಲ್ಲೂ ಅವರು 'ಚಿಗುರು ಇಲ್ಲದಿದ್ದರೆ' ಎನ್ನದೆ 'ಬರದೇ ಇದ್ದರೆ' ಎಂದರು. ಅದು ಆ ಮನೆಯ ಕಟ್ಟಳೆ. ಬಳೆ ಮಾರುವವರ ಮನೆಯಲ್ಲಿ 'ಇಲ್ಲ' ಎಂಬ ಪದಕ್ಕೆ ಹೊಸ್ತಿಲಿಂದ ಈಚೆಗೆ ಪ್ರವೇಶವೇ ಇರಲಿಲ್ಲ. ಮುಗಿದದ್ದನ್ನೆಲ್ಲ 'ಹೆಚ್ಚಿದೆ' ಎನ್ನಬೇಕು. ಅಂಗಡಿಯಲ್ಲಿ ಹಸಿರು ಬಳೆ ಖಾಲಿಯಾದರೆ 'ಹೆಚ್ಚಿದೆ ತಾಯಿ, ನಾಳೆ ಬನ್ನಿ'. ಅಡುಗೆಮನೆಯಲ್ಲಿ ಉಪ್ಪಿನ ಮರಿಗೆ ಬರಿದಾದರೆ ಉಪ್ಪು ಹೆಚ್ಚಿದೆ. ಹೊಸ ಸೊಸೆಯಾಗಿ ಬಂದ ಮೊದಲ ವಾರ ಮಹಾನಂದ 'ಅತ್ತೆ, ಅಕ್ಕಿ ಇಲ್ಲ' ಎಂದು ಗಟ್ಟಿಯಾಗಿ ಕೂಗಿದ್ದಕ್ಕೆ ಕಲ್ಯಾಣಮ್ಮ ಓಡಿ ಬಂದು ಅವಳ ಬಾಯಿಗೆ ಕೈ ಅಡ್ಡ ಹಿಡಿದಿದ್ದರು. ಹಬ್ಬದ ದಿನವಂತೂ ಕೇಳಲೇಬೇಡಿ. ಯುಗಾದಿಯ ದಿನ ಬಾಯಿಂದ 'ಇಲ್ಲ' ಎಂದು ಬಿದ್ದರೆ ವರ್ಷವಿಡೀ ಇಲ್ಲವೇ ಗತಿ ಎಂದು ಪರಮಶಿವಯ್ಯನವರು ಗಟ್ಟಿಯಾಗಿ ನಂಬಿದ್ದರು. ಈಗ ಮಹಾನಂದಳ ನಾಲಿಗೆಯೂ ಆ ಪದವನ್ನು ಮರೆತೇಬಿಟ್ಟಿತ್ತು.

ಶಿವರಾತ್ರಿ ಆಗಲೇ ಕಳೆದಿತ್ತು. ಯುಗಾದಿ ಎಂದರೆ ಇನ್ನೇನು ಬಂತು.

ಅದೇ ದಿನ ಅವಳು ಗಾಣದ ಹೊಂಗೆ ಎಣ್ಣೆ ತರಿಸಿದಳು. ಬಟ್ಟೆ ಸೋಪನ್ನು ತುರಿದು ಬಿಸಿನೀರಿನಲ್ಲಿ ಕರಗಿಸಿ, ಅದಕ್ಕೆ ಸ್ವಲ್ಪವೇ ಸ್ವಲ್ಪ ಎಣ್ಣೆ ಬಿಟ್ಟು, ಮೊಸರು ಕಡೆಯುವ ಹಾಗೆ ಕಡೆದಳು. ಎಣ್ಣೆಯೂ ನೀರೂ ಬೇರೆ ಬೇರೆ ಎಂದು ಹೇಳಲಾಗದಂತೆ ಬೆಳ್ಳಗೆ ಮಜ್ಜಿಗೆಯಾದ ಮೇಲೆ ಬಕೆಟ್ಟಿನ ತುಂಬ ನೀರು ಬೆರೆಸಿದಳು.

"ಅಯ್ಯೋ ಶಿವನೇ, ನನ್ನ ಕಡಗೋಲು!" ಎಂದು ಕಲ್ಯಾಣಮ್ಮ ಎದೆ ಬಡಿದುಕೊಂಡರು. "ಹೊಂಗೆ ಎಣ್ಣೆ ಕಡೆದ ಕಡಗೋಲಲ್ಲಿ ಇನ್ನು ಬೆಣ್ಣೆ ತೆಗಿಯೋದು ಹ್ಯಾಗೆ?"

"ಹೊಸದು ತರಿಸ್ಕೊಡ್ತೀನಿ ಅತ್ತೆ."

"ತರಿಸ್ತೀಯ, ತರಿಸ್ತೀಯ. ಅಲ್ವೇ, ಇಷ್ಟು ನೀರಿಗೆ ಇಷ್ಟೇ ಎಣ್ಣೆನಾ? ಯಾರಿಗೆ ಸಾಲುತ್ತೆ ಇದು? ಎಣ್ಣೆ ನೀರು ಹಾಕ್ತೀನಿ ಅಂದವಳು ಒಂದು ಬೊಟ್ಟು ಎಣ್ಣೆ ಬಿಟ್ಟು ಗಿಡಾನ ಏಮಾರಿಸ್ತೀಯಲ್ಲ!"

ಎಣ್ಣೆಯ ವಿಷಯದಲ್ಲಿ ಕಲ್ಯಾಣಮ್ಮನವರ ಎದುರು ಮಾತಾಡುವ ಧೈರ್ಯ ಚಾಮರಾಜಪೇಟೆಯಲ್ಲಿ ಯಾರಿಗೂ ಇರಲಿಲ್ಲ. ಆ ಬೀದಿಯ ಅರ್ಧ ಮಕ್ಕಳು ಅವರ ಕೈಯಲ್ಲಿ ಎಣ್ಣೆ ನೀರು ಕಂಡವರು. ಹರಳೆಣ್ಣೆ ಬೆಚ್ಚಗೆ ಮಾಡಿ, ಕಾಲು ನೀಡಿ ಕೂತು, ಕೂಸನ್ನು ಮೇಲೆ ಮಲಗಿಸಿಕೊಂಡು ಅವರು ತಿಕ್ಕುತ್ತಿದ್ದರೆ ಎಂಥ ಹಟಮಾರಿ ಕೂಸೂ ಅಲ್ಲೇ ಕಣ್ಣು ಮುಚ್ಚುತ್ತಿತ್ತು. ಮಹಾನಂದಳ ಮಗಳೂ ಆ ಕೈಯಲ್ಲೇ ಮೈ ಹಿಡಿದವಳು. ತಿಕ್ಕಿದ ಮೇಲೆ ಕೂಸನ್ನು ಬೆಳಗಿನ ಬಿಸಿಲಿಗೆ ಹಿಡಿಯಬೇಕು, ಆಗಲೇ ಎಣ್ಣೆ ಮೂಳೆಗೆ ಇಳಿಯುವುದು. ಇದು ಅವರ ಪಾಲಿಗೆ ವೇದ.

ಆದ್ದರಿಂದ ಮಹಾನಂದ ಬಿಸಿಲಿಳಿದು ದೀಪ ಹಚ್ಚುವ ಹೊತ್ತಿಗೆ ಹಿತ್ತಾಳೆ ಪಿಚಕಾರಿ ಹಿಡಿದು ಹಿತ್ತಲಿಗೆ ಹೊರಟಾಗ ಅವರಿಗೆ ತಡೆಯಲಾಗಲಿಲ್ಲ.

"ಮುಸ್ಸಂಜೇಲಿ ಯಾರಾದ್ರೂ ಎಣ್ಣೆ ಮುಟ್ಟಿಸ್ತಾರೇನೆ? ಶೀತ ಆಗಲ್ವಾ? ಬೆಳಿಗ್ಗೆ ಹಾಕು, ಬಿಸಿಲು ಕುಡೀಲಿ."

"ಅಪ್ಪಾಜಿ ಸಂಜೆನೇ ಹೊಡೀತಿದ್ರು ಅತ್ತೆ."

"ಯಾಕೆ?"

ತಂದೆ ಹೊಡೆಯುವುದನ್ನು ಮಹಾನಂದ ನೋಡಿದ್ದಳೇ ಹೊರತು ಯಾಕೆ ಸಂಜೆ ಎಂದು ಕೇಳಿರಲಿಲ್ಲ. ಹುಡುಗಿಯಾಗಿದ್ದಾಗ ಯಾರು ಕೇಳುತ್ತಾರೆ?

"ಪಾಪ, ಹಗಲೆಲ್ಲ ತೋಟದಲ್ಲಿ ದುಡಿಯೋರು. ಅವರಿಗೆ ಪುರುಸೊತ್ತು ಸಿಗ್ತಿದ್ದದ್ದೇ ಸಂಜೆ," ಎಂದು ಕಲ್ಯಾಣಮ್ಮ ತೀರ್ಪು ಕೊಟ್ಟರು. ಆ ಮಾತು ಎಷ್ಟು ನ್ಯಾಯವಾಗಿತ್ತೆಂದರೆ ಮಹಾನಂದಳಿಗೇ ಒಂದು ಗಳಿಗೆ ಅನುಮಾನ ಬಂತು. ಆದರೂ ಅವಳು ತಂದೆ ಮಾಡಿದಂತೆಯೇ ಮಾಡಿದಳು. ಸೆರಗು ಬಿಗಿದು, ಒಂದೊಂದು ಕೊಂಬೆಯನ್ನೂ ಬಗ್ಗಿಸಿ, ಎಲೆಯ ಅಡಿಗೆ ಬೀಳುವಂತೆ ಕೆಳಗಿನಿಂದ ಮೇಲಕ್ಕೆ ಹೊಡೆದಳು. ಮುಳ್ಳು ಗೀರಿ ತೋಳೆಲ್ಲ ರಕ್ತ. ಮೈಯೆಲ್ಲ ಹೊಂಗೆ ಎಣ್ಣೆಯ ಕಮಟು. ಆ ರಾತ್ರಿ ಗುರುಶಾಂತ ಗೋಡೆ ಕಡೆ ಮುಖ ಮಾಡಿ ಮಲಗಿದ. ಅವಳು ಅದನ್ನು ಲೆಕ್ಕಕ್ಕೆ ಇಟ್ಟುಕೊಳ್ಳಲಿಲ್ಲ.

ಮರುವಾರ ಇನ್ನೊಮ್ಮೆ ಹೊಡೆದಳು. ದಿನ ಬೆಳಗಾದರೆ ಗಿಡದ ಹತ್ತಿರ ಓಡುವುದು, ಎಲೆ ಮಗುಚಿ ಉಗುರಿನಿಂದ ಕೆರೆದು ನೋಡುವುದು. ಮೊದಲು ಕೆರೆದರೆ ಹಸಿಯಾಗಿ ಜಜ್ಜುತ್ತಿದ್ದ ಚಿಪ್ಪುಗಳು ಈಗ ಒಣ ಹೊಟ್ಟಿನಂತೆ ಉದುರತೊಡಗಿದವು. ಇರುವೆ ಸಾಲು ಸಣ್ಣದಾಯಿತು, ಆಮೇಲೆ ಅಲ್ಲೊಂದು ಇಲ್ಲೊಂದು. ಒಂದು ದಿನ ಮುಳ್ಳುಗಳ ಕಂಕುಳಲ್ಲಿ ಅಲ್ಲಲ್ಲಿ ಕಣ್ಣು ಉಬ್ಬಿದ್ದು ಕಂಡಿತು. ಇನ್ನೊಂದೆರಡು ದಿನ ಕಳೆದರೆ ಒಡೆಯುತ್ತದೆ. ಮಹಾನಂದಳಿಗೆ ಕುಣಿಯಬೇಕೆನಿಸಿತು. ಒಳಗೆ ಬಂದು ಅತ್ತೆಗೆ ಹೇಳಿದಳು. ಕಲ್ಯಾಣಮ್ಮ "ಹೂಂ" ಎಂದರಷ್ಟೆ. ಆದರೆ ಅವಳು ತಿರುಗಿದ ಮೇಲೆ ಹಿತ್ತಲ ಬಾಗಿಲಲ್ಲಿ ನಿಂತು, ಇನ್ನೂ ಮಸಿ ಹಿಡಿದೇ ಇದ್ದ ಎಲೆಗಳನ್ನು ಬಹಳ ಹೊತ್ತು ನೋಡಿದರು.

ಅದರ ಮಾರನೇ ದಿನ ಮಾವಳ್ಳಿಯಲ್ಲಿ ನೆಂಟರ ಮನೆಯ ನಾಮಕರಣ. ಬೆಳಿಗ್ಗೆಯೇ ಎಲ್ಲರೂ ಹೊರಟರು. ಕಲ್ಯಾಣಮ್ಮ ಮಾತ್ರ ಮಂಡಿನೋವು ಎಂದು ಮನೆಯಲ್ಲೇ ಉಳಿದರು. ಇವರು ತಿರುಗಿ ಬಂದಾಗ ಕತ್ತಲಾಗಿತ್ತು. ಕಲ್ಯಾಣಮ್ಮ ಎಂದಿಲ್ಲದ ಉಲ್ಲಾಸದಲ್ಲಿ ಬಡಿಸಿದರು.

"ಯುಗಾದಿಗೆ ನೋಡ್ತಿರು ನಿನ್ನ ಗಿಡಾನ," ಎಂದು ಸೊಸೆಯ ಎಲೆಗೆ ತುಪ್ಪ ಹೆಚ್ಚಾಗಿಯೇ ಬಿಟ್ಟರು.

ಬೆಳಿಗ್ಗೆ ಮಹಾನಂದ ಹಿತ್ತಲಿಗೆ ಹೋದಾಗ ಗಿಡ ಫಳಫಳ ಹೊಳೆಯುತ್ತಿತ್ತು. ಮಸಿಯೆಲ್ಲ ಒರೆಸಿ ಹೋಗಿತ್ತು. ಒಂದು ಕ್ಷಣ ಅವಳಿಗೆ ಸಂತೋಷವೇ ಆಯಿತು. ಎಲೆ ಮುಟ್ಟಿದಳು. ಬೆರಳು ಜಾರಿತು. ಮೂಗಿನ ಹತ್ತಿರ ಹಿಡಿದಳು.

ಹರಳೆಣ್ಣೆ.

ನೀರು ಬೆರೆಸಿದ್ದಲ್ಲ, ಬರೀ ಎಣ್ಣೆ. ಎಲೆಯ ಮೇಲೂ ಕೆಳಗೂ ದಪ್ಪಗೆ, ಕೊಂಬೆಗಳ ಮೇಲೆ, ಉಬ್ಬಿದ್ದ ಕಣ್ಣುಗಳ ಮೇಲೆ, ಕೂಸಿನ ಮೈಗೆ ತಿಕ್ಕಿದ ಹಾಗೆ ಒಂದಿಷ್ಟೂ ಜಾಗ ಬಿಡದೆ. ನೀರೊಲೆಯ ಪಕ್ಕ ಕಲ್ಯಾಣಮ್ಮನವರ ಎಣ್ಣೆ ಬಟ್ಟಲು ತೊಳೆದು ಬೋರಲು ಹಾಕಿತ್ತು. ಹತ್ತಿರವೇ ಏರಿ ನಿಲ್ಲಲು ಇಟ್ಟುಕೊಂಡಿದ್ದ ಸ್ಟೂಲು, ಮಸಿಯಾದ ಮೆತ್ತನೆಯ ಹಳೇ ಸೀರೆ ಚೂರು. ಮಂಡಿನೋವಿನ ಹೆಂಗಸು ನಿನ್ನೆ ಇಡೀ ಬೆಳಿಗ್ಗೆ ಒಂದೊಂದೇ ಎಲೆ ಒರೆಸಿ ಎಣ್ಣೆ ಹಚ್ಚಿ, ಗಿಡವನ್ನು ದಿನವೆಲ್ಲ ಮಾರ್ಚಿ ತಿಂಗಳ ಬಿಸಿಲಿಗೆ ಬಿಟ್ಟಿದ್ದರು.

ಆಗ ಮಹಾನಂದಳಿಗೆ ತಂದೆಯ ಒಂದು ಮಾತು ನೆನಪಾಯಿತು. ಬೇಕಾದಾಗ ಬಾರದೆ ಈಗ ಬಂತು. 'ಹುಳ ಸಾಯೋದು ವಿಷಕ್ಕಲ್ಲ ಮಗಾ, ಎಣ್ಣೆ ಮುಚ್ಕೊಂಡು ಉಸಿರು ಕಟ್ಟಿ ಸಾಯುತ್ತೆ.' ಎಲೆಗೂ ಉಸಿರು ಬೇಡವೆ? ಎಣ್ಣೆ ತೆಳ್ಳಗಿದ್ದರೆ ಹುಳಕ್ಕೆ ಮಾತ್ರ ಕಟ್ಟುತ್ತದೆ, ದಪ್ಪವಾದರೆ ಎಲೆಗೂ ಕಟ್ಟುತ್ತದೆ. ಅದರ ಮೇಲೆ ಬಿಸಿಲು ಬಿದ್ದರೆ ಎಲೆ ಎಣ್ಣೆಯಲ್ಲೇ ಬೇಯುತ್ತದೆ. ಅದಕ್ಕೇ ಸಂಜೆ. ಪುರುಸೊತ್ತಿಗಲ್ಲ.

ಪೂರ್ವದ ಗೋಡೆಯ ಮೇಲೆ ಸೂರ್ಯ ಆಗಲೇ ಇಣುಕುತ್ತಿದ್ದ. ಮಹಾನಂದ ಸೀಗೆಪುಡಿಯ ಡಬ್ಬಿ ತಂದು ಬಕೆಟ್ಟಿಗೆ ಸುರಿದಳು. ಕಲ್ಯಾಣಮ್ಮ ಧಾವಿಸಿ ಬಂದರು.

"ಏನ್ಮಾಡ್ತಿದೀಯ? ತೊಳೀಬೇಡ್ವೇ! ಎಣ್ಣೆ ಇಳೀಲಿ!"

ಬಾಯಿತನಕ ಬಂದ ಮಾತನ್ನು ಮಹಾನಂದ ನುಂಗಿಕೊಂಡಳು. ಅತ್ತೆಯ ಮುಖ ನೋಡಿದಳು. ಕೂಸೊಂದನ್ನು ಚೆನ್ನಾಗಿ ತಿಕ್ಕಿ ಮಲಗಿಸಿ ಬಂದವರ ಮುಖ ಅದು. ಇಷ್ಟು ವರ್ಷದಲ್ಲಿ ಈ ಹೆಂಗಸು ತನಗಾಗಿ, ತಾನು ಕೇಳದೆಯೇ, ಇಷ್ಟು ಆಸೆಪಟ್ಟು ಮಾಡಿದ ಕೆಲಸ ಇದೊಂದೇ. ಗಿಡ ಕೊಂದಿರಿ ಎಂದು ಹ್ಯಾಗೆ ಹೇಳುವುದು?

"ಎಣ್ಣೆ ಆಯ್ತಲ್ಲ ಅತ್ತೆ. ಎಣ್ಣೆ ಹಚ್ಚಿದ ಮೇಲೆ ನೀರು ಹುಯ್ಯಬೇಕಲ್ವಾ?"

ಕಲ್ಯಾಣಮ್ಮ ಸೆರಗು ಸಿಕ್ಕಿಸಿಕೊಂಡರು. "ಹೌದಲ್ವೇ," ಎಂದರು. "ಎಣ್ಣೇಲೇ ಬಿಟ್ಬಿಟ್ಟಿದ್ದೆ. ತಾ, ನಾನೂ ತೊಳೀತೀನಿ."

ಇಬ್ಬರೂ ಸೇರಿ ತೊಳೆದರು. ಮಹಾನಂದಳ ಕೈ ಓಡುತ್ತಿತ್ತು, ಬಿಸಿಲು ಅವಳಿಗಿಂತ ಜೋರಾಗಿ ಓಡುತ್ತಿತ್ತು. ಆದರೆ ಒಂದು ಪೂರ್ತಿ ಹಗಲು ಆಗಲೇ ಕಳೆದುಹೋಗಿತ್ತಲ್ಲ. ಸಂಜೆಯ ಹೊತ್ತಿಗೆ ಎಲೆಗಳ ಅಂಚು ಕಂದಿದವು. ಮರುದಿನ ಕಂದು ಮಚ್ಚೆಗಳು. ಆಮೇಲೆ ಉದುರಲು ಶುರುವಾಯಿತು. ಗಾಳಿಯೇ ಬೀಸದೆ, ಸುಮ್ಮನೆ ನಿಂತಿದ್ದ ಗಿಡದಿಂದ ಪಟಪಟನೆ. ಮಹಾನಂದ ಅಡುಗೆಮನೆಯಲ್ಲಿದ್ದರೂ ಆ ಸದ್ದು ಕೇಳುತ್ತಿತ್ತು. ಕಿವಿ ಮುಚ್ಚಿಕೊಂಡರೂ ಕೇಳುತ್ತಿತ್ತು.

ಪರಮಶಿವಯ್ಯನವರು ಒಂದು ಸಂಜೆ ಹಿತ್ತಲಿಗೆ ಬಂದು ನಿಂತರು. ಕಾಲ ಕೆಳಗೆ ಎಲೆಗಳ ಹಾಸಿಗೆ, ಎದುರಿಗೆ ಮುಳ್ಳಿನ ಅಸ್ಥಿಪಂಜರ.

"ಏನಮ್ಮ ಇದು?"

ಕಲ್ಯಾಣಮ್ಮ ಬಾಗಿಲ ಹಿಂದೆ ನಿಂತಿದ್ದರು. ಅವರ ಸೀರೆಯ ಅಂಚು ಮಹಾನಂದಳಿಗೆ ಕಾಣುತ್ತಿತ್ತು.

"ಎಣ್ಣೆ ಜಾಸ್ತಿ ಆಯ್ತು ಮಾವ. ಬಿಸಿಲಿಗೆ ಸುಟ್ಟೋಯ್ತು. ನನ್ನ ಕೈ ತಪ್ಪಿತು."

ಸೀರೆಯ ಅಂಚು ಅಲುಗಿತು. ಪರಮಶಿವಯ್ಯನವರು ತಲೆಯಾಡಿಸಿ ಒಳಗೆ ಹೋದರು. ಬೈಯಲಿಲ್ಲ. ಬೈದಿದ್ದರೆ ಎಷ್ಟೋ ವಾಸಿಯಾಗಿತ್ತು. ಮುನಿಸ್ವಾಮಿಗೆ ಹೇಳಿ ಕಳಿಸಿದ್ದಾಗಿದೆ, ಹಬ್ಬದ ಮಾರನೇ ದಿನ ಬೆಳಿಗ್ಗೆಯೇ ಬರುತ್ತಾನೆ ಎಂದು ಗುರುಶಾಂತ ಆ ರಾತ್ರಿ ಹೆಂಡತಿಗೆ ತಿಳಿಸಿದ. "ಡಿ.ಡಿ.ಟಿ. ಹೊಡಿಬಹುದಿತ್ತು," ಎಂದೂ ಸೇರಿಸಿದ. ಮಹಾನಂದ ಗೋಡೆ ಕಡೆ ತಿರುಗಿಕೊಂಡಳು.

ಅಂದಿನಿಂದ ಕಲ್ಯಾಣಮ್ಮ ಮಾತು ಕಡಿಮೆ ಮಾಡಿದರು. ಪಕ್ಕದ ಮನೆಯ ವಿಶಾಲಮ್ಮ ಮೊಮ್ಮಗುವನ್ನು ಎಣ್ಣೆ ತಿಕ್ಕಿಸಲು ಎತ್ತಿಕೊಂಡು ಬಂದರೆ "ಕೈ ನೋವು ಕಣೇ" ಎಂದು ತಿರುಗಿಸಿ ಕಳಿಸಿದರು. ಎಣ್ಣೆ ಬಟ್ಟಲು ಬೋರಲು ಹಾಕಿದ್ದು ಹಾಗೇ ಇತ್ತು. ಅತ್ತೆ ಸೊಸೆ ಒಬ್ಬರ ಮುಖ ಒಬ್ಬರು ನೋಡದೆ, ಒಂದೇ ಒಲೆಯ ಮುಂದೆ ಕೂತು ಒಬ್ಬಟ್ಟಿಗೆ ಬೇಳೆ ಆರಿಸಿದರು.

ಯುಗಾದಿ ಬಂದೇ ಬಂತು. ಮಹಾನಂದ ನಸುಕಿನಲ್ಲೇ ಎದ್ದು ಹಿತ್ತಲಿಗೆ ಹೋಗಿ, ಒಂದೊಂದು ಕೊಂಬೆಯನ್ನೂ ಮುಖದ ಹತ್ತಿರ ತಂದು ನೋಡಿದಳು. ಕಂಡದ್ದೆಲ್ಲ ಮುಳ್ಳು. ಹಬ್ಬದ ದಿನ ಅತ್ತರೆ ವರ್ಷವೆಲ್ಲ ಅಳು ಎಂದು ಸೆರಗು ಬಾಯಿಗೆ ತುರುಕಿಕೊಂಡು ಒಳಗೆ ಬಂದಳು.

ಹಂಡೆಯಲ್ಲಿ ನೀರು ಮರಳುತ್ತಿತ್ತು. ನಡುಮನೆಯಲ್ಲಿ ಮಣೆ ಹಾಕಿ ಸುತ್ತ ರಂಗೋಲಿ ಎಳೆದಿತ್ತು. ಆ ಮನೆಯಲ್ಲಿ ಯುಗಾದಿಯ ಎಣ್ಣೆಯನ್ನು ಎಲ್ಲರ ನೆತ್ತಿಗೂ ಕಲ್ಯಾಣಮ್ಮನೇ ಇಡಬೇಕು, ಮೊದಲು ಯಜಮಾನರಿಗೆ. ಪರಮಶಿವಯ್ಯನವರು ಪಂಚೆ ಮೇಲೆ ಕಟ್ಟಿ ಬರಿಮೈಯಲ್ಲಿ ಮಣೆಯ ಮೇಲೆ ಕೂತರು. ಕಲ್ಯಾಣಮ್ಮ ಬಟ್ಟಲು ಎತ್ತಿಕೊಂಡರು. ನೆತ್ತಿಗೆ ಎಣ್ಣೆ ಇಟ್ಟರು, ತಟ್ಟಿದರು, ಬೆನ್ನಿಗೆ ಇಳಿಸಿದರು. ಮಹಾನಂದ ಬಿಸಿನೀರಿನ ಬಿಂದಿಗೆ ಹಿಡಿದು ಬಚ್ಚಲ ಬಾಗಿಲಲ್ಲಿ ನಿಂತಿದ್ದಳು.

"ನಾಳೆ ಮುನಿಸ್ವಾಮಿ ಬರ್ತಾನೆ," ಎಂದರು ಪರಮಶಿವಯ್ಯ, ಯಾರಿಗೂ ಅಲ್ಲದಂತೆ.

ಬೆನ್ನಿನ ಮೇಲಿದ್ದ ಕೈ ನಿಂತಿತು.

"ಏನೂಂದ್ರೆ, ಆ ಗಿಡಕ್ಕೆ ಹರಳೆಣ್ಣೆ ಹಚ್ಚಿದವಳು ನಾನು. ಬಿಸಿಲಿಗೆ ಬಿಟ್ಟವಳೂ ನಾನೇ. ಅವಳು ಮಾವಳ್ಳೀಲಿದ್ಲು. ನನ್ನ ತಪ್ಪನ್ನ ಅವಳು ತನ್ನ ತಲೆ ಮೇಲೆ ಹಾಕ್ಕೊಂಡ್ಲು. ನಾನು ಬಾಗಿಲ ಹಿಂದೆ ನಿಂತು ಕೇಳಿಸ್ಕೊಂಡೂ ಬಾಯಿ ಮುಚ್ಕೊಂಡಿದ್ದೆ. ಅವತ್ತಿಂದ ಅನ್ನ ಗಂಟಲಲ್ಲೇ ನಿಲ್ತಿದೆ ನಂಗೆ." ಅವರು ಬಟ್ಟಲು ಕೆಳಗಿಟ್ಟರು. "ಅದು ಬರೀ ಗಿಡ ಅಲ್ಲ. ಅವಳ ತವರು. ನಾನು ಅವಳ ತವರಿಗೇ ಬೆಂಕಿ ಇಟ್ಟೆ."

ಮಹಾನಂದಳ ಕೈಯಲ್ಲಿದ್ದ ಬಿಂದಿಗೆಯ ನೀರು ತುಳುಕಿ ಪಾದ ಸುಟ್ಟಿತು. ಅವಳು ಅಲುಗಲಿಲ್ಲ.

ಪರಮಶಿವಯ್ಯನವರ ಹುಬ್ಬಿನಿಂದ ಎಣ್ಣೆ ಕಣ್ಣಿಗೆ ಇಳಿಯುತ್ತಿತ್ತು. ಒರೆಸಿಕೊಳ್ಳಲು ಕೈ ಎತ್ತಿದರೆ ಆ ಕೈಯಲ್ಲೂ ಎಣ್ಣೆ.

"ಹಚ್ಚಿದವರು ಯಾರು ಅಂತ ನಾನು ಕೇಳಿದ್ನೇನು?" ಎಂದರು ಮೆಲ್ಲಗೆ. ಆ ಮೆಲ್ಲನೆಯ ಧ್ವನಿಯ ಅರ್ಥ ಮಹಾನಂದಳಿಗೆ ಗೊತ್ತಿತ್ತು. "ಮಾತು ಏನಿತ್ತು? ಯುಗಾದಿ ಬೆಳಿಗ್ಗೆ ಚಿಗುರು ಇದ್ರೆ ಗಿಡ ಉಳೀತು. ನಾನು ಮಾತು ಬದಲಾಯಿಸಿದ್ರೆ ನಾಳೆ ನನ್ನ ಮಾತಿಗೆ ಏನು ಬೆಲೆ? ಮಹಾನಂದ, ನೀನೇ ಹೇಳಮ್ಮ. ನೋಡ್ಕೊಂಡು ಬಂದಿದೀಯಲ್ಲ. ಚಿಗುರು ಬಂದಿದೆಯಾ?"

ಸುಳ್ಳು ಹೇಳಿದರೆ ಎರಡು ಹೆಜ್ಜೆಯಲ್ಲಿ ಹಿತ್ತಲು, ಮಾವನಿಗೆ ಗೊತ್ತಾಗಿಬಿಡುತ್ತದೆ. ನಿಜ ಹೇಳಿದರೆ ನಾಳೆ ಕೊಡಲಿ. ಅವಳು ನಿಜವನ್ನೇ ಹೇಳಿದಳು. ಇಷ್ಟು ವರ್ಷ ಆ ಮನೆಯಲ್ಲಿ ಪಳಗಿದ ನಾಲಿಗೆ, ಉಪ್ಪಿಗೂ ಅಕ್ಕಿಗೂ ಹೇಳುತ್ತಿದ್ದಂತೆಯೇ ಹೇಳಿತು.

"ಹೆಚ್ಚಿದೆ ಮಾವ."

ಕಲ್ಯಾಣಮ್ಮನವರ ಕಣ್ಣು ಅರಳಿತು.

"ಕೇಳಿಸ್ಕೊಂಡ್ರಾ?" ಎಂದರು. "ಚಿಗುರು ಹೆಚ್ಚಿದೆಯಂತೆ!"

"ಏ, ಅವಳು ಹೇಳಿದ್ದು ಆ ಅರ್ಥದಲ್ಲಿ..."

"ಯಾವ ಅರ್ಥದಲ್ಲಿ? ಬಿಡಿಸಿ ಹೇಳಿ ನೋಡೋಣ. ಯುಗಾದಿ ಹೊತ್ತು, ಎಣ್ಣೆ ತಲೇಲಿ ಕೂತಿದೀರಿ. ಚಿಗುರು ಹೆಚ್ಚಿದೆ ಅಂದ್ರೆ ಏನಂತ ನಿಮ್ಮ ಬಾಯಿಂದಲೇ ಒಂದು ಸಲ ಹೇಳ್ಬಿಡಿ."

ಪರಮಶಿವಯ್ಯನವರು ಬಾಯಿ ತೆರೆದರು. ಆ ಪದ ನಾಲಿಗೆಯ ತುದಿಗೆ ಬಂದದ್ದು ಎಲ್ಲರಿಗೂ ಕಂಡಿತು. ವರ್ಷದ ಮೊದಲ ದಿನ, ಬಾಗಿಲಿಗೆ ಮಾವು ಬೇವಿನ ತೋರಣ ಕಟ್ಟಿದೆ, ದೇವರ ಮುಂದೆ ಅಂಗಡಿಯ ಬೀಗದ ಕೈ ಇಟ್ಟಿದೆ. ಅವರು ಹೆಂಡತಿಯನ್ನು ನೋಡಿದರು, ಸೊಸೆಯನ್ನು ನೋಡಿದರು. ಎದ್ದು ಹೋಗೋಣವೆಂದರೆ ಮೈಯೆಲ್ಲ ಎಣ್ಣೆ, ನೀರು ಬೀಳುವ ತನಕ ಮಣೆ ಬಿಡುವ ಹಾಗಿಲ್ಲ. ಇರುವೆ ಕಚ್ಚಿದ ದಿನಕ್ಕಿಂತ ಹೆಚ್ಚಾಗಿ ಸಿಕ್ಕಿಕೊಂಡಿದ್ದರು.

ತೆರೆದ ಬಾಯಿ ಮುಚ್ಚಿದರು.

"ಕಣ್ಣು ಉರೀತಿದೆ," ಎಂದರು ಕೊನೆಗೆ. "ನೀರು ಹುಯ್ಯಿ."

"ಗಿಡ?"

"ಹೆಚ್ಚಿದೆ ಅಂತ ಹೇಳಿದ್ಲಲ್ಲ. ಹುಯ್ಯಿ ಅಂದ್ರೆ!"

ಅವರ ಸ್ನಾನವಾದ ಮೇಲೆ ಕಲ್ಯಾಣಮ್ಮ ಸೊಸೆಯನ್ನು ಕರೆದು ಅದೇ ಮಣೆಯ ಮೇಲೆ ಕೂರಿಸಿದರು. ನೆತ್ತಿಗೆ ಎಣ್ಣೆ ಇಟ್ಟು, ಕೂಸಿಗೆ ತಿಕ್ಕುವ ಹಾಗೆ ಮೆಲ್ಲಗೆ, ಬಹಳ ಹೊತ್ತು ತಿಕ್ಕಿದರು. ಮಹಾನಂದಳ ಕೆನ್ನೆ ಒದ್ದೆಯಾಗಿತ್ತು. ಎಣ್ಣೆ ಕಣ್ಣಿಗೆ ಹೋಯಿತು ಎಂದು ಇಬ್ಬರೂ ಒಪ್ಪಿಕೊಂಡರು.

ಮಾರನೇ ದಿನ ಬೆಳಿಗ್ಗೆ ಮುನಿಸ್ವಾಮಿ ಕೊಡಲಿ ಹೆಗಲ ಮೇಲಿಟ್ಟುಕೊಂಡು ಬಂದ. ಬಂದವನನ್ನು ಬರಿಗೈಯಲ್ಲಿ ಕಳಿಸಬಾರದೆಂದು ಪರಮಶಿವಯ್ಯನವರು ಅವನಿಗೆ ನೀರೊಲೆಯ ಸೌದೆ ಸೀಳಲು ಹಚ್ಚಿ, ತಾವು ಗಿಡದ ಕಡೆ ನಡೆದರು. ಸುಳ್ಳೆಂದು ಗೊತ್ತಿದ್ದೂ ಒಪ್ಪಿಕೊಂಡ ಮಾತು ಅವರಿಗೆ ರಾತ್ರಿಯೆಲ್ಲ ಕಚ್ಚಿರಬೇಕು. ಗೋಡೆಯ ಕಡೆಗಿದ್ದ ಕೊಂಬೆಗಳನ್ನು ಸರಿಸಿ ಸರಿಸಿ ಹುಡುಕಿದರು. ಸ್ಟೂಲು ಮುಟ್ಟದ ಜಾಗ ಅದು, ಅಲ್ಲಿಗೆ ಕಲ್ಯಾಣಮ್ಮನವರ ಕೈ ಸರಿಯಾಗಿ ಎಟುಕದೆ ಎಣ್ಣೆ ತೆಳ್ಳಗಷ್ಟೇ ಸೋಕಿತ್ತು. ಮಹಾನಂದ ಅಡುಗೆಮನೆಯ ಕಿಟಕಿಯಿಂದ ನೋಡುತ್ತಿದ್ದಳು. ಮಾವ ಒಂದು ಕೊಂಬೆಯನ್ನು ಹಿಡಿದು ನಿಂತೇಬಿಟ್ಟರು. ಉಳಿದಿದ್ದ ಒಂಟಿ ಇರುವೆಯೊಂದು ಅವರ ಮಣಿಕಟ್ಟು ಹತ್ತಿತು. ಅವರು ಕೈ ಕೊಡವಲಿಲ್ಲ.

"ಮಹಾನಂದ, ಬಾಮ್ಮ ಇಲ್ಲಿ. ನನ್ನ ಕಣ್ಣು ಸ್ವಲ್ಪ ಮಂಜು. ಇದು ಮುಳ್ಳೋ, ಇನ್ನೇನೋ?"

ಅವಳು ಓಡಿ ಬಂದಳು. ಮುಳ್ಳಿನ ಪಕ್ಕದಲ್ಲಿ ಸೂಜಿಯ ಮೊನೆಯಷ್ಟು ಹಸಿರು. ಬೆರಳು ಸೋಕಿಸಿದಳು. ಮುಳ್ಳಾಗಿದ್ದರೆ ಚುಚ್ಚುತ್ತಿತ್ತು. ಇದು ಮೆತ್ತಗಿತ್ತು.

"ಚಿಗುರು ಮಾವ," ಎಂದಳು.

"ಹಾಗಾದ್ರೆ ನಿನ್ನೆ ನೀನು ಹೇಳಿದ್ದು ಸುಳ್ಳಲ್ಲ ಅನ್ನು." ಪರಮಶಿವಯ್ಯನವರು ಕೊಂಬೆಯನ್ನು ಮೆಲ್ಲಗೆ ಬಿಟ್ಟರು. "ಇದು ಎಲೆಯಾಗಿ ಬಲಿತ ಮೇಲೆ ಮತ್ತೆ ಹುಳ ಹತ್ತೀತು. ಎಣ್ಣೆ ನೀರು ಹೊಡಿಬೇಕಾಗುತ್ತೆ."

"ಬಿಸಿಲು ಪೂರ್ತಿ ಇಳಿದ ಮೇಲೆ!" ಎಂದು ಕಲ್ಯಾಣಮ್ಮ ಒಳಗಿನಿಂದಲೇ ಕೂಗಿದರು.

ಪರಮಶಿವಯ್ಯನವರು ಅಂಗಡಿಗೆ ಹೊರಡಲು ತಿರುಗಿದವರು ಮತ್ತೆ ನಿಂತರು.

"ಹೊಂಗೆ ಎಣ್ಣೆ ಇದೆಯೇನಮ್ಮ ಮನೇಲಿ?"

ಮಹಾನಂದಳಿಗೆ ನಗುವೂ ಅಳುವೂ ಒಟ್ಟಿಗೇ ಬಂದವು. ಹಬ್ಬ ನಿನ್ನೆಗೇ ಮುಗಿದಿತ್ತು, ಇವತ್ತು ಅತ್ತರೆ ಯಾರೂ ಏನೂ ಅನ್ನುವ ಹಾಗಿರಲಿಲ್ಲ.

"ಹೆಚ್ಚಿದೆ ಮಾವ," ಎಂದಳು.